ಮಹಾಪುರುಷರ ತಾಯಿಗೆ ಕಾಲು ನೋಯುತ್ತಿತ್ತು

ಮಕ್ಕಳಿಗೆಂದು ಬರೆದ ಜೀವನಚರಿತ್ರೆಗಳಲ್ಲಿ ಯಾರಿಗೂ ಸುಸ್ತಾಗುವುದಿಲ್ಲ. ಇದು ನಿಮಗೆ ಗೊತ್ತಿರಬೇಕು. ಅವನ್ನು ಓದಿಯೇ ನೀವು ಬೆಳೆದದ್ದು, ಈಗ ನಿಮ್ಮ ಮಕ್ಕಳಿಗೆ ಕೊಂಡು ತರುವುದೂ ಅವನ್ನೇ. ರಾಜ ಇಡೀ ದಿನ ಯುದ್ಧ ಮಾಡಿ ಸಂಜೆ ನಗುತ್ತಾ ಕುದುರೆಯಿಂದ ಇಳಿಯುತ್ತಾನೆ. ವಿಜ್ಞಾನಿ ವರ್ಷಗಟ್ಟಲೆ ನಿದ್ದೆ ಕೆಟ್ಟರೂ ಕಣ್ಣ ಕೆಳಗೆ ಕಪ್ಪು ಕಟ್ಟುವುದಿಲ್ಲ. ಇನ್ನು ಅವರ ತಾಯಂದಿರೋ, ಎರಡನೇ ಪುಟದಲ್ಲಿ ಬಾಗಿಲಿಗೆ ಬಂದು ಮಗನ ತಲೆಯ ಮೇಲೆ ಕೈಯಿಟ್ಟು ನಿಲ್ಲುತ್ತಾರೆ, ಮೂರನೇ ಪುಟಕ್ಕೆ ನಾಪತ್ತೆ.

ಆ ಸುಸ್ತನ್ನೆಲ್ಲ ಒರೆಸಿ ಹಾಕುವುದೇ ಒಬ್ಬನ ಹೊಟ್ಟೆಪಾಡಾಗಿತ್ತು. ಪ್ರಕಾಶನದ ಕಚೇರಿಯಲ್ಲಿ ಅವನನ್ನು ಎಲ್ಲರೂ ಮೀಸೆ ಮೇಷ್ಟ್ರು ಎನ್ನುತ್ತಿದ್ದರು. ಯಾವ ಕಾಲದ ಯಾವ ದೊರೆಗೆ ಎಂಥ ಮೀಸೆ ಒಪ್ಪುತ್ತದೆಂದು ಅವನ ಕೈಗೆ ಗೊತ್ತಿತ್ತು. ಅವನ ಸ್ವಂತ ಮೂತಿಗೆ ಮಾತ್ರ ಮೀಸೆಯೆಂಬುದು ಸರಿಯಾಗಿ ಹುಟ್ಟಲೇ ಇಲ್ಲ. ಮಕ್ಕಳ ಪುಸ್ತಕಗಳಿಗೆ ಚಿತ್ರ ಬರೆಯುತ್ತಲೇ ಅವನ ತಲೆ ನೆರೆಯಿತು, ಬೆನ್ನು ಬಾಗಿತು. ಅವನ ಮೇಜು ಹಿಂದಿನ ಕೋಣೆಯಲ್ಲಿತ್ತು. ಕಿಟಕಿ ತೆರೆದರೆ ಪಕ್ಕದ ಕಟ್ಟಡದ ಗೋಡೆ, ಮುಚ್ಚಿದರೆ ಅಂಟಿನ ವಾಸನೆ. ಕೆಳಗಡೆ ಮುದ್ರಣಯಂತ್ರ ಓಡುವಾಗ ಮೇಜು ಗಡಗಡ ನಡುಗುತ್ತಿತ್ತು. ಹಾಗಾಗಿ ಅವನದೊಂದು ಪದ್ಧತಿ: ಕುದುರೆ, ಕೋಟೆ, ಮೀಸೆ ಎಲ್ಲ ಯಂತ್ರ ಓಡುವಾಗ, ಕಣ್ಣು ಮಾತ್ರ ಯಂತ್ರ ನಿಂತಾಗ. ಕೆಳಗಿನವರು ಟೀ ಕುಡಿಯಲು ಎದ್ದರೆ ಇವನ ಟೀ ಆರಿ ತಣ್ಣಗಾಗುತ್ತಿತ್ತು. ಮಹಾಪುರುಷರ ಕಣ್ಣುಗಳಲ್ಲಿ ನಿಮಗೆ ಕಂಡ ತೇಜಸ್ಸೆಲ್ಲ ಒಬ್ಬ ಮನುಷ್ಯ ಟೀ ಬಿಟ್ಟು ಕೂತು ತುಂಬಿದ್ದು.

ಮಹಾಪುರುಷರಿಗೆ ಹಳೆಯ ಚಿತ್ರವೋ ನಾಣ್ಯವೋ ಒಂದು ಆಧಾರ ಇರುತ್ತಿತ್ತು. ಅವರ ತಾಯಂದಿರ ಮುಖ ಎಲ್ಲಿಯೂ ಸಿಗುತ್ತಿರಲಿಲ್ಲ. ಹೊಸದಾಗಿ ಕೆಲಸಕ್ಕೆ ಸೇರಿದ್ದಾಗ ಹಳೇ ಮಾಲೀಕರನ್ನು ಕೇಳಿದ್ದ.

"ಅದಕ್ಯಾಕಯ್ಯ ತಲೆ ಕೆಡಿಸ್ಕೋತೀಯ? ತಾಯಿ ಅಂದ್ಮೇಲೆ ಮುಗೀತು. ಒಂದು ಒಳ್ಳೇ ಮುಖ ಹಾಕು" ಎಂದು ಅವರು ಕೈ ತೊಳೆದುಕೊಂಡಿದ್ದರು.

ಅವನಿಗೆ ಗೊತ್ತಿದ್ದ ಒಳ್ಳೇ ಮುಖ ಒಂದೇ, ಅವನ ಅಕ್ಕನದು. ಅಪ್ಪ ಅಮ್ಮ ಹೋದಾಗ ಇವನಿನ್ನೂ ಅಕ್ಷರ ತಿದ್ದುತ್ತಿದ್ದ. ಅಕ್ಕ ಶಾಲೆ ಬಿಟ್ಟು ದೊಡ್ಡ ಲಾಂಡ್ರಿಯೊಂದಕ್ಕೆ ಸೇರಿದಳು. ಆಸ್ಪತ್ರೆಗಳದ್ದು, ಹೋಟೆಲುಗಳದ್ದು, ರಾಶಿ ರಾಶಿ ಹೊದಿಕೆಗಳಿಗೆ ಇಸ್ತ್ರಿ ಹಾಕುವ ಕೆಲಸ. ತಮ್ಮ ಓದಿದ, ಚಿತ್ರ ಕಲಿತ. ಅಕ್ಕ ಇಸ್ತ್ರಿ ಹಾಕುತ್ತಲೇ ಇದ್ದಳು. ಮದುವೆಯ ಮಾತು ಒಂದೆರಡು ಸಲ ಮನೆಯ ಮೆಟ್ಟಿಲಿನವರೆಗೆ ಬಂದು ಹಾಗೇ ವಾಪಸು ಹೋಯಿತು. ತಮ್ಮನೂ ಮದುವೆಯಾಗಲಿಲ್ಲ. ಎರಡು ಕೋಣೆಯ ಬಾಡಿಗೆ ಮನೆಯಲ್ಲಿ ಅಕ್ಕ, ತಮ್ಮ, ಮತ್ತು ಒಣಹಾಕಿದ ಚಿತ್ರಗಳು.

ಸಂಜೆ ಅವಳು ಕೆಲಸ ಮುಗಿಸಿ ಬಂದು ಕಾಲು ಚಾಚುವುದೇ ತಡ, ತಮ್ಮ ಪೆನ್ಸಿಲ್ ಹಿಡಿದು ಬರುತ್ತಿದ್ದ.

"ಅಕ್ಕ, ಒಂಚೂರು ಬಾಗಿಲಲ್ಲಿ ನಿಂತ್ಕೊ. ಮಗ ಯುದ್ಧಕ್ಕೆ ಹೊರಟಿದಾನೆ."

"ಹೋಗ್ಲಿ ಬಿಡೋ. ನಾನೇನು ಬೇಡ ಅಂದ್ನಾ?"

"ಹಾಗಲ್ಲ, ಆಶೀರ್ವಾದ ಮಾಡ್ಬೇಕು. ಕೈ ಎತ್ತು. ಇನ್ನೂ ಮೇಲೆ."

"ಅವನು ಬೇಗ ಹೋದ್ರೆ ಸಾಕಪ್ಪ, ಭುಜ ಬಿದ್ದುಹೋಗ್ತಿದೆ."

ಹೀಗೆ ಅವಳು ಸೇನಾಪತಿಗೆ ತಾಯಿಯಾದಳು, ನಾವಿಕನಿಗೆ ತಾಯಿಯಾದಳು, ದೂರದರ್ಶಕ ಮಾಡಿದವನಿಗೂ ಸೇತುವೆ ಕಟ್ಟಿದವನಿಗೂ ತಾಯಿಯಾದಳು. ಪುಸ್ತಕ ಅಚ್ಚಾಗಿ ಬಂದಾಗ ತಿರುವಿ ಹಾಕಿ ಅವಳು ಹೇಳುತ್ತಿದ್ದುದು ಒಂದೇ ಮಾತು: "ಇಷ್ಟು ಜನ ಗಂಡುಮಕ್ಕಳನ್ನ ಹೆತ್ತೆ. ಒಬ್ಬನಾದ್ರೂ ಒಂದು ಲೋಟ ನೀರು ತಂದುಕೊಟ್ನಾ ನೋಡು!" ತಮ್ಮ ನಗುತ್ತಿದ್ದ. ನಕ್ಕು ಮುಂದಿನ ಪುಸ್ತಕಕ್ಕೆ ಕೈ ಹಾಕುತ್ತಿದ್ದ. ನೀರು ಅವಳೇ ಎದ್ದು ಕುಡಿಯುತ್ತಿದ್ದಳು.

ಹಳೇ ಮಾಲೀಕರು ಕಣ್ಣು ಮುಚ್ಚಿದ ಮೇಲೆ ಅವರ ಸೊಸೆ ಸಂಪಾದಕಿಯಾಗಿ ಬಂದಳು. ಚುರುಕಿನ ಹೆಂಗಸು, ಕೆಟ್ಟವಳಲ್ಲ. ಜೀವನಚರಿತ್ರೆಗಳ ಹಳೆಯ ಪುಸ್ತಕಮಾಲೆಯನ್ನು ಬಣ್ಣದಲ್ಲಿ ಕೊನೆಯ ಸಲ ತಂದು, ಆಮೇಲಿನ ಚಿತ್ರಗಳನ್ನೆಲ್ಲ ಕಂಪ್ಯೂಟರಿನಲ್ಲಿ ಮಾಡಿಸುವುದೆಂದು ತೀರ್ಮಾನವಾಗಿತ್ತು. ಮೀಸೆ ಮೇಷ್ಟ್ರಿಗೆ ಇದೇ ಕೊನೆಯ ಕೆಲಸ. ಅಕ್ಕನೂ ಆ ತಿಂಗಳೇ ಲಾಂಡ್ರಿ ಬಿಡುವವಳಿದ್ದಳು. ಸಂಪಾದಕಿ ಹಳೆಯ ಪುಸ್ತಕಗಳನ್ನು ಮೇಜಿನ ಮೇಲೆ ಸಾಲಾಗಿ ಹರಡಿ ಎರಡನೇ ಪುಟಗಳನ್ನು ತೆರೆದಿಟ್ಟಳು, ಹುಬ್ಬೇರಿಸಿದಳು.

"ಮೇಷ್ಟ್ರೇ, ಇದೇನಿದು? ಇವರಿಗೆಲ್ಲ ಒಬ್ಬಳೇ ತಾಯಿನಾ?"

ಇಷ್ಟು ವರ್ಷ ಯಾರೂ ಕೇಳಿರಲಿಲ್ಲ. ಅವನು ತಲೆ ಕೆರೆದುಕೊಂಡು ಇದ್ದದ್ದನ್ನು ಇದ್ದ ಹಾಗೆ ಹೇಳಿದ. ಅವಳು ಮೊದಲು ಬಿದ್ದು ಬಿದ್ದು ನಕ್ಕಳು, ಆಮೇಲೆ ಒಂದು ಪುಸ್ತಕ ಎತ್ತಿಕೊಂಡು ಕೊನೆಯ ಪುಟ ತಿರುವಿದಳು.

"ಕೊನೇ ಪುಟ ಖಾಲಿ ಇದೆ. ಅಲ್ಲಿ ಅವರನ್ನ ಹಾಕಿ. ಯಾರ ತಾಯಿನೂ ಅಲ್ಲ, ಅವರಾಗೇ. ಲಾಂಡ್ರಿ ಕೆಲಸದವರು, ಈ ಪುಸ್ತಕಗಳ ತಾಯಂದಿರಿಗೆಲ್ಲ ಮುಖ ಕೊಟ್ಟವರು ಅಂತ ಕೆಳಗೆ ನಾಲ್ಕು ಸಾಲು ಬರೀತೀನಿ."

ಮೀಸೆ ಮೇಷ್ಟ್ರು ಆ ದಿನ ಬಸ್ಸಿಗೂ ಕಾಯದೆ ನಡೆದೇ ಮನೆಗೆ ಹೋದ. ಮತ್ತೊಬ್ಬರ ತಾಯಿಯಾಗಿಯೇ ಬದುಕು ಸವೆಸಿದ ಅಕ್ಕ ಒಂದೇ ಒಂದು ಪುಟದಲ್ಲಿ ತಾನಾಗಿ ಇರುತ್ತಾಳೆ! ಈಗ ತಪ್ಪಿದರೆ ಇನ್ನಿಲ್ಲ. ಅಕ್ಕ ಮಲಗಿದ್ದಳು. ಎಬ್ಬಿಸುವುದೇಕೆ, ಈ ಮುಖ ನನ್ನ ಕೈಗೆ ಬಾಯಿಪಾಠ ಎಂದುಕೊಂಡು ಅಲ್ಲೇ ಕೂತು ಬರೆದ. ಬೆಳಿಗ್ಗೆ ಅವಳ ಮುಂದೆ ಹಿಡಿದ.

ಅಕ್ಕ ಕನ್ನಡಕ ಏರಿಸಿ ನೋಡಿದಳು. "ಚೆನ್ನಾಗಿದೆ. ಇವಳು ಯಾರ ತಾಯಿ?"

"ಇದು ನೀನು ಅಕ್ಕ."

"ನಾನೆಲ್ಲೋ? ನನ್ನ ಮೂಗು ನೋಡು. ಕೊಳಾಯಿ ಹತ್ರ ಜಾರಿ ಬಿದ್ದು ಸೊಟ್ಟಗಾಗಿ ಎಷ್ಟು ಕಾಲ ಆಯ್ತು? ಈ ಗದ್ದದ ಸುಟ್ಟ ಕಲೆ ಎಲ್ಲಿ? ಮುಂದಿನ ಹಲ್ಲು ಮುರಿದು ಹೋಗಿದೆಯಲ್ಲ, ಈಯಮ್ಮನಿಗೆ ಮುತ್ತಿನ ಹಾಗೆ ಹಲ್ಲು ಹುಟ್ಟಿಸಿದೀಯ!"

ಅವನು ಚಿತ್ರವನ್ನು ನೋಡಿದ, ಅಕ್ಕನನ್ನು ನೋಡಿದ. ಮೊದಲ ಪುಸ್ತಕಕ್ಕೆ ಸೊಟ್ಟ ಮೂಗನ್ನು ನೇರ ಮಾಡಿದ್ದ, ಸೇನಾಪತಿಯ ತಾಯಿಗೆ ಸೊಟ್ಟ ಮೂಗು ಹೇಗಿರುತ್ತದೆ? ಎರಡನೆಯದಕ್ಕೆ ಕಲೆ ಅಳಿಸಿದ. ಆಮೇಲಾಮೇಲೆ ಅವಳು ಎದುರಿಗೆ ಕೈಯೆತ್ತಿ ನಿಂತಿದ್ದರೂ ಅವನು ನೋಡುತ್ತಿದ್ದುದು ಹಿಂದಿನ ಪುಸ್ತಕದ ತಾಯಿಯನ್ನೇ. ಅಕ್ಕನನ್ನು ನಿಲ್ಲಿಸಿಕೊಂಡು ಅಕ್ಕನನ್ನು ಬಿಟ್ಟು ಉಳಿದದ್ದನ್ನೆಲ್ಲ ಬರೆದಿದ್ದ.

"ಇನ್ನೊಂದ್ಸಲ ನಿಂತ್ಕೋತೀಯಾ ಅಕ್ಕ? ಸರಿಯಾಗಿ ಬರೀತೀನಿ."

"ನನ್ನ ಕೈಲಾಗಲ್ಲಪ್ಪ. ನಿಂತೂ ನಿಂತೂ ಸಾಕಾಗಿದೆ. ಬೇಕಾದ್ರೆ ಲಾಂಡ್ರಿಗೆ ಬಾ. ಅಲ್ಲಿ ಹೇಗೂ ನಿಂತಿರ್ತೀನಿ, ನಿನಗೋಸ್ಕರ ಬೇರೆ ನಿಲ್ಬೇಕಾಗಿಲ್ಲ."

ಅವನು ಹೋದ. ಅವಳ ಕೂಲಿಯಲ್ಲಿ ಬೆಳೆದವನು ಆ ಲಾಂಡ್ರಿಯ ಬಾಗಿಲು ದಾಟಿದ್ದು ಅದೇ ಮೊದಲು. ಒಳಗೆ ಕಾಲಿಟ್ಟರೆ ಬಿಸಿಗಾಳಿ ಮುಖಕ್ಕೆ ರಪ್ಪೆಂದು ಬಡಿಯಿತು. ಆವಿ, ಸೋಪಿನ ಘಾಟು, ಒದ್ದೆ ನೆಲ, ಒಗೆಯುವ ಯಂತ್ರಗಳ ಗಡಗಡ. ಇಬ್ಬಿಬ್ಬರು ಹೆಂಗಸರು ಒಂದೊಂದು ಹೊದಿಕೆಯ ನಾಲ್ಕು ತುದಿ ಹಿಡಿದು, ಫಟ್ ಎಂದು ಕೊಡವಿ, ಮಡಚುತ್ತಾ ಹತ್ತಿರ ಬಂದು ಮತ್ತೆ ದೂರ ಸರಿಯುತ್ತಿದ್ದರು.

"ಯಾರು ಬೇಕಾಗಿತ್ತು?" ಒಬ್ಬಳು ಕೂಗಿದಳು.

ಅವನು ಅಕ್ಕನ ಹೆಸರು ಹೇಳಿದ. ಅವಳಿಗೆ ತಿಳಿಯಲಿಲ್ಲ. ಪಕ್ಕದವಳು ಯೋಚಿಸಿ, "ಓ, ಇಂಜಿನ್ ಅಕ್ಕನಾ? ಅಗೋ, ಆ ಕೊನೇಲಿ" ಎಂದಳು. "ಕೆಲಸ ಮಾಡುವಾಗ ಉಸಿರು ಹಾಗೇ ಬಿಡ್ತಾಳೆ, ಕೇಳಿ!"

ಇಂಜಿನ್ ಅಕ್ಕ. ಮನೆಯಲ್ಲಿ ಒಟ್ಟಿಗೆ ಉಂಡವನಿಗೆ ಗೊತ್ತಿರಲಿಲ್ಲ. ಅವನು ಹೊದಿಕೆಗಳ ರಾಶಿಯ ಪಕ್ಕ ಕೂತು ನೋಡಿದ. ತಲೆಗೆ ಬಟ್ಟೆ ಬಿಗಿದು, ಬುಸ್ ಬುಸ್ ಎನ್ನುತ್ತಾ ಅವಳು ಇಸ್ತ್ರಿ ತಳ್ಳುತ್ತಿದ್ದಳು. ನಿಂತಿದ್ದುದು ಒಂದೇ ಕಾಲಿನಲ್ಲಿ. ಇನ್ನೊಂದು ಪಾದವನ್ನು ಮೀನಖಂಡಕ್ಕೆ ಒತ್ತಿಕೊಂಡು ಥೇಟ್ ಕೊಕ್ಕರೆಯ ಹಾಗೆ. ಸ್ವಲ್ಪ ಹೊತ್ತಿಗೆ ಕಾಲು ಬದಲಾಯಿಸುವಳು. ಕೂರಲು ಅಲ್ಲಿ ಒಂದು ಸ್ಟೂಲೂ ಇರಲಿಲ್ಲ, ಹಾಗಾಗಿ ಒಂದು ಕಾಲು ದುಡಿಯುವಾಗ ಇನ್ನೊಂದಕ್ಕೆ ರಜೆ. ನಡುವೆ ಯಾರೋ ಮೇಸ್ತ್ರಿಯ ನಡಿಗೆಯನ್ನು ಅಣಕಿಸಿದಾಗ ಮುರಿದ ಹಲ್ಲು ಕಾಣುವಂತೆ ಗಹಗಹಿಸಿದಳು, ನಗು ಕೆಮ್ಮಾಯಿತು, ಕೆಮ್ಮು ನಿಂತ ಮೇಲೆ ಮುಖ ಬತ್ತಿ ಹೋಯಿತು. ಮತ್ತೆ ಬುಸ್ ಬುಸ್.

ಇಲ್ಲಿ ಯಂತ್ರ ನಿಲ್ಲುವುದನ್ನು ಅವನು ಕಾಯಲಿಲ್ಲ. ಕಣ್ಣುಗಳನ್ನೇ ಮೊದಲು ಬರೆದ.

ಮರುದಿನ ಸಂಪಾದಕಿ ಚಿತ್ರವನ್ನು ಬಹಳ ಹೊತ್ತು ನೋಡಿದಳು.

"ಅದ್ಭುತವಾಗಿದೆ ಮೇಷ್ಟ್ರೇ. ನಿಜವಾಗ್ಲೂ. ಆದ್ರೆ... ಒಂದು ಕಾಲಲ್ಲಿ ಯಾಕೆ ನಿಂತಿದಾರೆ?"

"ಇನ್ನೊಂದು ನೋಯ್ತಿತ್ತು ಮೇಡಂ."

"ಮಕ್ಕಳಿಗೆ ಅರ್ಥ ಆಗಲ್ಲ. ಮುಖನೂ ತುಂಬಾ ಬಳಲಿದೆ. ನಮ್ಮ ಮಾಲೆಯ ಹೆಸರಲ್ಲೇ ಲವಲವಿಕೆ ಇದೆಯಲ್ವಾ? ಆ ಕಾಲು ಕೆಳಗಿಳಿಸಿ, ಒಂಚೂರು ನಗಿಸಿಬಿಡಿ. ನಾಳೆ ಅಚ್ಚಿಗೆ ಹೋಗ್ಲಿ."

ಅವನು ಚಿತ್ರ ತಂದು ಹಿಂದಿನ ಕೋಣೆಯಲ್ಲಿ ಕೂತ. ರಬ್ಬರು ಕೈಯಲ್ಲೇ ಇತ್ತು. ಅವನಿಗದು ಎಷ್ಟು ಹೊತ್ತಿನ ಕೆಲಸ? ತುಟಿಯ ತುದಿಯನ್ನು ಕೂದಲೆಳೆಯಷ್ಟು ಮೇಲೆತ್ತಿದರೆ ನಗು, ಒಂದು ಗೆರೆ ಉಜ್ಜಿದರೆ ಕಾಲು ನೆಲಕ್ಕೆ. ಅಷ್ಟು ಮಾಡಿದರೆ ಅಕ್ಕ ಪುಸ್ತಕದಲ್ಲಿ ಇರುತ್ತಾಳೆ. ಮಾಡದಿದ್ದರೆ ಇಲ್ಲ. ರಬ್ಬರನ್ನು ಕಾಗದಕ್ಕೆ ತಾಗಿಸಿದ. ಕೆಳಗೆ ಯಂತ್ರ ಗಡಗಡ ಎನ್ನುತ್ತಿತ್ತು. ತಾಗಿಸಿದ ಕೈ ಅಲ್ಲೇ ನಿಂತಿತು. ಅದನ್ನು ಧೈರ್ಯವೆಂದು ಬರೆದರೆ ಅದೂ ಮಕ್ಕಳ ಪುಸ್ತಕದ ಸುಳ್ಳೇ ಆಗುತ್ತದೆ. ಅವನಿಗೆ ಸುಸ್ತಾಗಿತ್ತು. ಇಷ್ಟು ವರ್ಷ ಎಲ್ಲರ ದಣಿವನ್ನೂ ಉಜ್ಜಿ ಉಜ್ಜಿ ಆ ಕೈ ಸೋತಿತ್ತು, ಇನ್ನೊಂದು ಗೆರೆಯನ್ನು ಅಳಿಸುವ ತ್ರಾಣ ಅದರಲ್ಲಿರಲಿಲ್ಲ.

"ಆಗ್ಲಿಲ್ಲ ಮೇಡಂ" ಎಂದು ಚಿತ್ರವನ್ನು ಹಾಗೇ ಮುಂದಿಟ್ಟ.

ಅವಳು ಬೇಸರದಿಂದಲೇ ಹಿಂದಿರುಗಿಸಿದಳು. ಕೊನೆಯ ಪುಟಕ್ಕೆ ಒಂದು ಪದಬಂಧ ಬಂತು.

ಮನೆಯಲ್ಲಿ ಅಕ್ಕ ಕಾಲು ಒತ್ತಿಕೊಳ್ಳುತ್ತಾ ಕೂತಿದ್ದಳು. ಅವನು ಚಿತ್ರ ಕೊಟ್ಟ. ಅವಳು ಸೊಟ್ಟ ಮೂಗನ್ನು ಬೆರಳಿನಿಂದ ಮುಟ್ಟಿದಳು, ಕಲೆಯನ್ನು ಮುಟ್ಟಿದಳು, ಎತ್ತಿದ ಕಾಲಿನ ಮೇಲೆ ಬೆರಳು ನಿಂತಿತು.

"ಹೂಂ. ಇದು ನಾನು. ಪುಸ್ತಕದಲ್ಲಿ ಬರುತ್ತಾ?"

"ಇಲ್ಲ ಅಕ್ಕ."

"ಯಾಕಂತೆ?"

"ಸುಸ್ತಾದವಳ ಹಾಗೆ ಕಾಣ್ತೀಯಂತೆ."

ಅವಳು ಇಂಜಿನಿನ ಹಾಗೆ ಒಂದು ಉಸಿರು ಬಿಟ್ಟಳು. "ಸುಸ್ತಾಗಿದೆ, ಅದಕ್ಕೇ ಕಾಣ್ತೀನಿ. ಅದನ್ನ ಕಂಡುಹಿಡಿಯೋಕೆ ಅವರಿಗೆ ಇಷ್ಟು ದಿನ ಬೇಕಾಯ್ತಾ?"

ಅವನು ಎದ್ದು ಹೋಗಿ ಒಂದು ಲೋಟ ನೀರು ತಂದುಕೊಟ್ಟ. ಅಕ್ಕ ಲೋಟವನ್ನು ನೋಡಿದಳು, ತಮ್ಮನನ್ನು ನೋಡಿದಳು. ನಗಲಿಲ್ಲ, ಗುಟುಕು ಗುಟುಕಾಗಿ ಪೂರ್ತಿ ಕುಡಿದಳು.

ಆ ಮಾಲೆ ಈಗ ಅಂಗಡಿಗಳಲ್ಲಿದೆ, ಚೆನ್ನಾಗಿ ಹೋಗುತ್ತಿದೆಯಂತೆ. ಕೊಳ್ಳಿ, ಬೇಡವೆನ್ನುವವರಾರು? ಮಕ್ಕಳು ದೊರೆಗಳ ಬಗ್ಗೆಯೂ ತಿಳಿದುಕೊಳ್ಳಲಿ. ಆದರೆ ಆ ಸಂಪಾದಕಿಯನ್ನು ಬೈದು ಕೈ ಕೊಡವಿಕೊಳ್ಳಬೇಡಿ. ಮಕ್ಕಳಿಗೆ ಬಳಲಿದ ಮುಖ ಬೇಡವೆಂದು ಅವಳಿಗೆ ಕಲಿಸಿದವರು ಪುಸ್ತಕ ಕೊಳ್ಳುವ ನೀವು. ನಿಮ್ಮ ಮನೆಯಲ್ಲೂ ಈ ಹೊತ್ತಿಗೆ ಒಬ್ಬರು ಎಲ್ಲೋ ಒಂದು ಕಾಲಲ್ಲಿ ನಿಂತಿದ್ದಾರೆ, ಒಲೆಯ ಮುಂದೋ, ಕೊಳಾಯಿಯ ಹತ್ತಿರವೋ, ಯಾವುದೋ ಕಾರ್ಖಾನೆಯ ಸಾಲಿನಲ್ಲೋ. ಇವತ್ತು ಮಗುವಿಗೆ ಪುಸ್ತಕ ಓದಿ ಹೇಳುವ ಮೊದಲು ಅವರನ್ನು ಕರೆದು ಕುರ್ಚಿ ಹಾಕಿ ಕೂರಿಸಿ. ಮಗುವಿನ ಎದುರಿಗೇ ಕೇಳಿ, ಎಲ್ಲಿ ನೋಯುತ್ತದೆ, ಯಾವತ್ತಿನಿಂದ ನೋಯುತ್ತಿದೆ ಎಂದು. ಅವರು "ಏನಿಲ್ಲ ಬಿಡಿ" ಎಂದರೆ ಬಿಡಬೇಡಿ, ಇನ್ನೊಮ್ಮೆ ಕೇಳಿ. ಹೇಳಿ ಮುಗಿಸುವವರೆಗೂ ಏಳಬೇಡಿ.