ಬೀರುವಿನ ಬಾಗಿಲ ಮೇಲೆ ಇನ್ನೂರ ನಲವತ್ತು ಗೆರೆ

ನನ್ನ ಅಕ್ಕನ ಗಂಡ, ಅಂದರೆ ನನ್ನ ಭಾವ, ಕಟಿಂಗ್ ಮಾಸ್ಟರ್. ಸಮವಸ್ತ್ರ ಹೊಲಿಯುವ ಒಂದು ಕಾರ್ಖಾನೆಯಲ್ಲಿ ಇಪ್ಪತ್ತೊಂದನೇ ವಯಸ್ಸಿಗೆ ಕತ್ತರಿ ಹಿಡಿದವರು. ಅಲ್ಲಿ ಎಲ್ಲರೂ ಅವರನ್ನು 'ಅರ್ಧ ಇಂಚು' ಎಂದೇ ಕರೆಯುತ್ತಾರೆ. ಯಾರ ಅಂಗಿ ಕತ್ತರಿಸಿದರೂ ಪಕ್ಕದ ಹೊಲಿಗೆಯೊಳಗೆ ಅರ್ಧ ಇಂಚು ಬಟ್ಟೆ ಹೆಚ್ಚಿಗೆ ಬಿಡುವುದು ಅವರ ಪದ್ಧತಿ. ಬಟ್ಟೆ ದಂಡ ಎಂದು ಮಾಲೀಕರು ಗೊಣಗಿದರೆ ಅವರ ಉತ್ತರ ಸಿದ್ಧವಾಗಿರುತ್ತದೆ: "ಮಕ್ಕಳು ಬೆಳೀತಾರೆ ಸಾರ್, ದೊಡ್ಡೋರಿಗೆ ಹೊಟ್ಟೆ ಬರುತ್ತೆ. ಬಿಡಿಸ್ಕೊಳ್ಳೋಕೆ ಒಳಗೆ ಏನಾದ್ರೂ ಇರ್ಬೇಕಲ್ವಾ?"

ನಾನು ಹೈಸ್ಕೂಲಿನಲ್ಲಿ ಗಣಿತದ ಮೇಷ್ಟ್ರು. ಚಕ್ರಬಡ್ಡಿಯ ಪಾಠವನ್ನು ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಒಪ್ಪಿಸಬಲ್ಲೆ. ಇದನ್ನು ಈಗಲೇ ಹೇಳಿಬಿಡುತ್ತೇನೆ. ಮುಂದೆ ನನ್ನ ಮಾನ ಹೋಗುವುದಿದೆ, ಹೋಗುವುದು ಎಷ್ಟು ದೊಡ್ಡ ಮಾನ ಎನ್ನುವುದು ಓದುವವರಿಗೆ ಗೊತ್ತಿರಲಿ.

ನಲವತ್ತೊಂದನೇ ವಯಸ್ಸಿನವರೆಗೆ ಭಾವ ಮತ್ತು ಅಕ್ಕ ಒಂದೇ ಕೋಣೆಯ ಬಾಡಿಗೆ ಮನೆಯಲ್ಲಿದ್ದರು. ಅಕ್ಕನೂ ಹೊಲಿಗೆಯವಳೇ. ಹಗಲು ಹೊಲಿಗೆ ಯಂತ್ರ ಇರುತ್ತಿದ್ದ ಜಾಗದಲ್ಲೇ ರಾತ್ರಿ ಹಾಸಿಗೆ ಹಾಸಬೇಕಾಗಿತ್ತು. ಬಾಡಿಗೆಯವರು ಗೋಡೆಗೆ ಮೊಳೆ ಹೊಡೆಯುವಂತಿರಲಿಲ್ಲ. ಇಪ್ಪತ್ತು ವರ್ಷ ಅಕ್ಕ ಅಂಗಿ ಕತ್ತರಿಸುವ ಕಾಗದದ ಮಾದರಿಗಳನ್ನು ಹಾಸಿಗೆಯಡಿ ಇಟ್ಟುಕೊಂಡಳು. ಕೊನೆಗೊಂದು ದಿನ, "ನನಗೆ ಒಂದು ಮೊಳೆ ಹೊಡೆಯೋಕೆ ಗೋಡೆ ಬೇಕು ಕಣ್ರೀ" ಎಂದಳು. ಅವಳು ಕೇಳಿದ್ದು ಅಷ್ಟೇ. ಆ ಮೊಳೆಗಾಗಿ ಭಾವ ಬ್ಯಾಂಕಿನಿಂದ ಹನ್ನೆರಡು ಲಕ್ಷ ಸಾಲ ತೆಗೆದರು.

ಮೂರನೇ ಮಹಡಿಯಲ್ಲಿ ಎರಡು ಕೋಣೆ, ಒಂದು ಅಡುಗೆಮನೆ, ಬಟ್ಟೆ ಒಣಹಾಕಲು ಕಂಬಿ ಹಾಕಿದ ಒಂದು ಚಿಕ್ಕ ಬಾಲ್ಕನಿ. ಇಪ್ಪತ್ತು ವರ್ಷದ ಸಾಲ, ತಿಂಗಳಿಗೆ ಒಂಬತ್ತು ಸಾವಿರದ ಆರುನೂರ ಅರವತ್ತೇಳರ ಕಂತು. ಮನೆಗೆ ಹೋದ ಮೊದಲ ದಿನವೇ ಅಕ್ಕ ಯಂತ್ರದ ಪಕ್ಕದ ಗೋಡೆಗೆ ಮೊಳೆ ಹೊಡೆದು ಮಾದರಿಗಳನ್ನು ತೂಗುಹಾಕಿದಳು. ಭಾವ ಹಸಿರು ಬಣ್ಣದ ಬೀರುವಿನ ಬಾಗಿಲು ತೆರೆದು, ಒಳಮೈಗೆ ಬಟ್ಟೆಯ ಮೇಲೆ ಗುರುತು ಹಾಕುವ ಸೀಮೆಸುಣ್ಣದಲ್ಲಿ ಗೆರೆ ಎಳೆದರು. ಒಂದು ಸಾಲಿಗೆ ಹನ್ನೆರಡು, ಒಟ್ಟು ಇಪ್ಪತ್ತು ಸಾಲು. ಟೇಪು ಹಿಡಿದು ಎಳೆದಿದ್ದರಿಂದ ಒಂದು ಗೆರೆಯೂ ಓರೆಯಾಗಿರಲಿಲ್ಲ.

"ಇನ್ನೂರ ನಲವತ್ತು, ಮೇಷ್ಟ್ರೇ. ತಿಂಗಳಿಗೆ ಒಂದು ಅಳಿಸ್ತೀನಿ. ಅರವತ್ತೊಂದಕ್ಕೆ ಬೀರು ಖಾಲಿ, ಕತ್ತರಿ ಕೆಳಗೆ."

ಕಂತು ಕಟ್ಟಿ ಬಂದ ಸಂಜೆ ಬಲಗೈ ಹೆಬ್ಬೆರಳನ್ನು ನೀರಿನಲ್ಲಿ ಅದ್ದಿ ಒಂದು ಗೆರೆ ಒರೆಸುತ್ತಿದ್ದರು. ಅವರ ಮನಸ್ಸಿನಲ್ಲಿ ಸಾಲ ಎಂದರೆ ಬಟ್ಟೆಯ ಥಾನು. ದಿನಾ ಒಂದೇ ಅಳತೆಯ ತುಂಡು ಕತ್ತರಿಸಿದರೆ ಥಾನು ಇಂಥ ದಿನ ಮುಗಿಯಬೇಕು, ಮುಗಿಯದೆ ಎಲ್ಲಿಗೆ ಹೋದೀತು? ಇಪ್ಪತ್ತು ವರ್ಷ ಕತ್ತರಿ ಹಿಡಿದವರು ಬೇರೆ ಥರ ಯೋಚಿಸಲು ಸಾಧ್ಯವೂ ಇರಲಿಲ್ಲ.

ಎರಡು ವರ್ಷ ಕಳೆದ ಮೇಲೆ ಬ್ಯಾಂಕಿನಿಂದ ಒಂದು ಕಾಗದ ಬಂತು. ದಪ್ಪನೆಯ ಒಳ್ಳೆ ಕಾಗದ, ಒಂದೇ ಬದಿಗೆ ಅಚ್ಚು. ಭಾವ ಅದನ್ನು ಹಿಡಿದು ನೇರ ನನ್ನ ಮನೆಗೆ ಬಂದರು. ನಾನು ಅರ್ಧವಾರ್ಷಿಕ ಪರೀಕ್ಷೆಯ ಉತ್ತರ ಪತ್ರಿಕೆ ತಿದ್ದುತ್ತಾ ಕೂತಿದ್ದೆ. ಎದುರಿಗೆ ನೂರಾಹತ್ತು ಪತ್ರಿಕೆ ಬಾಕಿ, ತಲೆ ಗಿರ್ ಎನ್ನುತ್ತಿತ್ತು.

"ಏನೋ ಬಡ್ಡಿ ಅಂತ ಬರೆದವ್ರೆ. ಸ್ವಲ್ಪ ನೋಡಿ."

ನೋಡಿದೆ. ನೋಡಿದೆ ಅನ್ನುವುದಕ್ಕಿಂತ ಕಣ್ಣಾಡಿಸಿದೆ. ಕಂತು ಎಷ್ಟು ಎಂದು ಬರೆದ ಸಾಲು ಹುಡುಕಿದೆ. ಒಂಬತ್ತು ಸಾವಿರದ ಆರುನೂರ ಅರವತ್ತೇಳು, ಹಳೆಯದೇ.

"ಕಂತು ಒಂದು ಪೈಸೆನೂ ಜಾಸ್ತಿ ಆಗಿಲ್ಲ ಭಾವ. ಸುಮ್ನೆ ತಲೆ ಕೆಡಿಸ್ಕೋಬೇಡಿ" ಎಂದೆ. ಅವರು ಕಾಫಿ ಕುಡಿದು, ನಿರಾಳವಾಗಿ ಹೊರಟುಹೋದರು. ನಾನು ಮುಂದಿನ ಪತ್ರಿಕೆ ಎತ್ತಿಕೊಂಡೆ.

ಆಮೇಲಿನ ವರ್ಷಗಳಲ್ಲಿ ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ. ಕಾರ್ಖಾನೆಯಲ್ಲಿ ಯಾರಾದರೂ ಬಡ್ಡಿ ಏರಿತು ಎಂದು ಗೋಳಾಡಿದರೆ ಭಾವ, "ನಮ್ಮ ಬ್ಯಾಂಕು ಚಿನ್ನದಂಥದ್ದು, ಇಷ್ಟು ವರ್ಷ ಆಯ್ತು, ಕಂತು ಅಲ್ಲಾಡಿಲ್ಲ" ಎಂದು ಮೀಸೆ ತಿರುವುತ್ತಿದ್ದರು. ಅಕ್ಕ ಊರಿನ ಅರ್ಧ ಮಕ್ಕಳಿಗೆ ಅಂಗಿ ಹೊಲಿದಳು. ಬೀರುವಿನ ಬಾಗಿಲಲ್ಲಿ ಹಸಿರು ಹೆಚ್ಚುತ್ತಾ ಬಂತು.

ಐವತ್ತಾರರಲ್ಲಿ ಭಾವನ ಹೆಬ್ಬೆರಳು ನೋಯಲು ಶುರುವಾಯಿತು. ಕಾರ್ಖಾನೆಯ ಕತ್ತರಿ ಒಂದು ಕಿಲೋ ತೂಗುತ್ತದೆ. ದಿನಕ್ಕೆ ಸಾವಿರಾರು ಸಲ ಅದನ್ನು ತೆರೆದು ಮುಚ್ಚುವುದು ಆ ಒಂದು ಬೆರಳು. ಡಾಕ್ಟರು ಎಕ್ಸ್‌ರೇ ತೆಗೆಸಿ, ಬೆರಳ ಬುಡದ ಕೀಲು ಸವೆದುಹೋಗಿದೆ ಎಂದರು. ಹೀಗೇ ದುಡಿಸಿದರೆ ನಾಲ್ಕೈದು ವರ್ಷ, ಆಮೇಲೆ ಹಿಡಿತ ಇರುವುದಿಲ್ಲ ಎಂದೂ ಸೇರಿಸಿದರು.

"ಐದು ವರ್ಷ ಸಾಕು ಡಾಕ್ಟ್ರೇ" ಎಂದರು ಭಾವ, ಅಂಗಡಿಯಲ್ಲಿ ಚೌಕಾಸಿ ಮುಗಿಸಿದವರ ಹಾಗೆ. ಬೀರುವಿನಲ್ಲಿ ಉಳಿದಿದ್ದೂ ಐದು ಸಾಲು, ಅರವತ್ತು ಗೆರೆ. ಆದರೂ ಅಕ್ಕನ ಜೀವ ತಡೆಯಲಿಲ್ಲ. ಕತ್ತರಿ ಬಿಟ್ಟ ಮೇಲೆ ಕೂತು ಉಣ್ಣಲೆಂದು ಕೂಡಿಟ್ಟ ಎರಡು ಲಕ್ಷ ಇತ್ತು. ಅದನ್ನು ಸಾಲಕ್ಕೆ ಕಟ್ಟಿದರೆ ಎಷ್ಟು ಬೇಗ ಮುಗಿಯುತ್ತದೆಂದು ಕೇಳಿಕೊಂಡು ಬನ್ನಿ ಎಂದಳು. ಲೆಕ್ಕಕ್ಕೆ ನಾನು ಜೊತೆಗೆ ಹೋದೆ.

ಬ್ಯಾಂಕಿನಲ್ಲಿ ಸಾಲದ ವಿಭಾಗ ನೋಡುವವಳು ಚುರುಕಾದ ಹುಡುಗಿ. ನಂಬರ್ ಒತ್ತಿ, ಪರದೆ ನೋಡಿ, "ನಿಮ್ಮದು ಇನ್ನೂ ನೂರಾ ಮೂವತ್ತೇಳು ಕಂತು ಬಾಕಿ ಇದೆ ಸರ್" ಎಂದಳು.

ಭಾವ ನಕ್ಕರು. "ಬೇರೆ ಯಾರದೋ ನೋಡ್ತಿದ್ದೀರಮ್ಮ. ನಂದು ಅರವತ್ತು."

ಅವಳು ಪರದೆಯನ್ನು ನಮ್ಮ ಕಡೆ ತಿರುಗಿಸಿದಳು. ಹೆಸರು ಭಾವನದೇ. ಹದಿನೈದು ವರ್ಷದಲ್ಲಿ ಕಟ್ಟಿದ್ದು ಹದಿನೇಳು ಲಕ್ಷ ನಲವತ್ತು ಸಾವಿರ. ಹನ್ನೆರಡು ಲಕ್ಷದ ಅಸಲಿನಲ್ಲಿ ಇನ್ನೂ ಉಳಿದದ್ದು ಎಂಟು ಲಕ್ಷ ಇಪ್ಪತ್ತನಾಲ್ಕು ಸಾವಿರ.

ಹುಡುಗಿ ಪಾಪ, ಬೇಸರಿಸದೆ ವಿವರಿಸಿದಳು. ಬಡ್ಡಿ ಬೀಳುವುದು ಉಳಿದ ಅಸಲಿನ ಮೇಲೆ, ಪ್ರತಿ ತಿಂಗಳೂ. ಮೊದಲ ಕಂತಿನಲ್ಲೇ ಏಳೂವರೆ ಸಾವಿರ ಬಡ್ಡಿಗೆ ಹೋಗಿತ್ತು, ಅಸಲಿಗೆ ಮುಟ್ಟಿದ್ದು ಎರಡು ಸಾವಿರದ ಚಿಲ್ಲರೆ. ಎರಡು ವರ್ಷದ ನಂತರ ಬಡ್ಡಿದರ ಶೇಕಡಾ ಏಳೂವರೆಯಿಂದ ಒಂಬತ್ತಕ್ಕೆ ಏರಿತು. ಕಂತು ಹೆಚ್ಚಿಸದಿದ್ದುದರಿಂದ ಅಸಲಿಗೆ ಹೋಗುವುದು ಸಾವಿರದ ಎಂಬತ್ತಕ್ಕೆ ಇಳಿಯಿತು. ಕಂತು ಹಾಗೇ ನಿಂತಿತು, ವರ್ಷ ಉದ್ದವಾಯಿತು.

"ಅಂದ್ರೆ ನಾನು ಥಾನು ಕತ್ತರಿಸ್ತಾ ಇರ್ಲಿಲ್ಲ," ಎಂದರು ಭಾವ ನಿಧಾನವಾಗಿ, "ಥಾನು ಇಟ್ಟಿರೋ ಕಪಾಟಿಗೆ ಬಾಡಿಗೆ ಕಟ್ತಾ ಇದ್ದೆ."

"ಹೆಚ್ಚುಕಮ್ಮಿ ಹಾಗೇ ಸರ್. ಆದ್ರೆ ಆಗಲೇ ಕಾಗದ ಕಳಿಸಿದ್ವಿ. ಕಂತು ಹೆಚ್ಚಿಸ್ಬೇಕಾ, ಅವಧಿ ಹೆಚ್ಚಿಸ್ಬೇಕಾ ಅಂತ. ಮೂವತ್ತು ದಿನದಲ್ಲಿ ಉತ್ತರ ಬರದಿದ್ರೆ ಅವಧಿ ಹೆಚ್ಚಿಸ್ತೀವಿ ಅಂತ್ಲೂ ಅದರಲ್ಲಿತ್ತು. ನಿಮ್ಮಿಂದ ಉತ್ತರ ಬರ್ಲಿಲ್ಲ."

ಭಾವ ನನ್ನ ಕಡೆ ತಿರುಗಿದರು. ನಾನು ಫ್ಯಾನಿನ ಕಡೆ ನೋಡಿದೆ. ನನಗೆ ಎಲ್ಲ ನೆನಪಾಗಿತ್ತು: ಆ ಸಂಜೆ, ಆ ಪತ್ರಿಕೆಗಳ ರಾಶಿ, ಅವರು ಕುಡಿದ ಕಾಫಿ. ಆದರೂ ನನ್ನ ಬಾಯಿಂದ ಬಂದ ಮಾತು: "ಅಂಥ ಕಾಗದ ಬಂದ ಹಾಗೆ ನೆನಪಿಲ್ಲಪ್ಪ."

ಮೂವತ್ತು ವರ್ಷ ಮಕ್ಕಳಿಗೆ ಸುಳ್ಳು ಹೇಳಬೇಡಿ ಎಂದವನು ನಾನು. ನಾಚಿಕೆಯಾಗುವುದಿಲ್ಲವೇ ಎಂದು ಕೇಳಿದರೆ, ಆಯಿತು, ಈಗಲೂ ಆಗುತ್ತದೆ. ಭಾವ ಬಸ್ಸಿನಲ್ಲಿ ಕೂತು ದಾರಿಯುದ್ದಕ್ಕೂ ಬಲಗೈ ಹೆಬ್ಬೆರಳನ್ನು ಎಡಗೈಯಿಂದ ಒತ್ತಿಕೊಳ್ಳುತ್ತಿದ್ದರು. ಐವತ್ತಾರಕ್ಕೆ ಹನ್ನೊಂದೂವರೆ ಸೇರಿಸಿದರೆ ಎಷ್ಟೆಂದು ಲೆಕ್ಕ ಹಾಕಲು ಅವರಿಗೆ ನನ್ನ ಸಹಾಯ ಬೇಕಿರಲಿಲ್ಲ.

ಮನೆಗೆ ಬಂದು ಅಕ್ಕನಿಗೆ ಎಲ್ಲ ಹೇಳಿದೆವು. ಅವಳು ಹೊಲಿಯುತ್ತಿದ್ದ ಅಂಗಿಯನ್ನು ತೊಡೆಯ ಮೇಲಿಟ್ಟುಕೊಂಡು ಕೇಳಿದಳು: "ಆಗಲೇ ಕಂತು ಹೆಚ್ಚಿಸ್ಕೊಂಡಿದ್ರೆ ಎಷ್ಟು ಹೆಚ್ಚು ಕಟ್ಬೇಕಾಗ್ತಿತ್ತೋ?"

ನಾನು ಹಿಂದೆ ಮುಂದೆ ನೋಡಿ, ಕಾಗದದ ಮೇಲೆ ಲೆಕ್ಕ ಮಾಡಿದೆ. "ತಿಂಗಳಿಗೆ ಸಾವಿರದ ನಲವತ್ತೇಳು. ಅಷ್ಟು ಕಟ್ಟಿದ್ರೆ ಇಪ್ಪತ್ತೇ ವರ್ಷಕ್ಕೆ ಮುಗೀತಿತ್ತು. ಈಗ ಕೊನೆವರೆಗೂ ಹೀಗೇ ಕಟ್ಟಿದ್ರೆ ಒಟ್ಟು ಮೂವತ್ತೂವರೆ ಲಕ್ಷ ಆಗುತ್ತೆ. ಐದು ಲಕ್ಷದಷ್ಟು ದಂಡ."

"ನಾಲ್ಕು ಅಂಗಿ!" ಎಂದಳು ಅಕ್ಕ. "ತಿಂಗಳಿಗೆ ನಾಲ್ಕು ಅಂಗಿ ಹೆಚ್ಚಿಗೆ ಹೊಲಿದಿದ್ರೆ ಆಗ್ತಿತ್ತಲ್ಲೋ! ಅಷ್ಟೂ ಹೊಲೀತಿರ್ಲಿಲ್ವಾ ನಾನು? ಆ ಹಾಳು ಕಾಗದ ಬಂತು ಅಂತಾರಲ್ಲ, ಎಲ್ಲಿ ಹೋಯ್ತು ಅದು?"

ಭಾವ ಎದ್ದು ಮೊಳೆಯ ಹತ್ತಿರ ಹೋದರು. ಅವರ ಮನೆಗೆ ಬಂದ ದಪ್ಪ ಕಾಗದ ಯಾವುದೂ ಹೊರಗೆ ಹೋದದ್ದಿಲ್ಲ. ಮದುವೆಯ ಕರೆಯೋಲೆ, ಕ್ಯಾಲೆಂಡರ್, ಎಲ್ಲಕ್ಕೂ ಕತ್ತರಿ ಬಿದ್ದು ಮಾದರಿಗಳಾಗುತ್ತವೆ. ಅವರು ಮೊಳೆಯ ಗೊಂಚಲಿನಿಂದ ಒಂದನ್ನು ತಡಕಾಡದೆ ಎಳೆದು ನನ್ನ ಮುಂದಿಟ್ಟರು. ಮಕ್ಕಳ ಅಂಗಿಯ ಕಾಲರಿನ ಮಾದರಿ. ಹದಿಮೂರು ವರ್ಷ ಕೈಯಾಡಿ ಅಂಚು ಮೆತ್ತಗಾಗಿತ್ತು. ಬಾಗಿದ ಅಂಚಿನ ಪಕ್ಕದಲ್ಲಿ 'ಅವಧಿಯನ್ನು ವಿಸ್ತರಿಸಲಾ' ಎಂಬಲ್ಲಿಗೆ ಒಂದು ಸಾಲು ತುಂಡಾಗಿತ್ತು. ಅದರ ಮೇಲೆ ಕಂತಿನ ಮೊತ್ತ. ಮೊತ್ತದ ಪಕ್ಕದಲ್ಲಿ ಕೆಂಪು ಶಾಯಿಯ ಸರಿ ಗುರುತು, ಕೆಳಗೆ ನನ್ನ ಸಹಿ.

ಉತ್ತರ ಪತ್ರಿಕೆ ತಿದ್ದುತ್ತಿದ್ದ ಕೈ ಅದನ್ನೂ ತಿದ್ದಿಬಿಟ್ಟಿತ್ತು. ಅಷ್ಟು ಮಾತ್ರ ನನಗೆ ನಿಜವಾಗಿಯೂ ಮರೆತುಹೋಗಿತ್ತು.

"ನೀವು ಸರಿ ಹಾಕಿದ್ರಲ್ಲ, ಇನ್ನು ಇದರಿಂದ ಕೆಲಸ ಇಲ್ಲ ಅಂತ ಕತ್ತರಿಸ್ದೆ" ಎಂದರು ಭಾವ. ದನಿಯಲ್ಲಿ ಸಿಟ್ಟಿರಲಿಲ್ಲ. ಸಿಟ್ಟು ಮಾಡಿದ್ದರೆ ನಾನೂ ಎರಡು ಮಾತಾಡಿ ಹಗುರಾಗಬಹುದಿತ್ತು.

"ತಪ್ಪಾಯ್ತು ಭಾವ" ಎಂದೆ. "ಓದಿರ್ಲಿಲ್ಲ. ಓದದೇ ಸರಿ ಹಾಕ್ದೆ. ಬ್ಯಾಂಕಲ್ಲಿ ಸುಳ್ಳೂ ಹೇಳ್ದೆ."

ಹಳೇ ಗಡುವಿಗೇ ಸಾಲ ಮುಗಿಯಬೇಕಾದರೆ ಈಗ ಮೂರು ಲಕ್ಷ ಅರವತ್ತು ಸಾವಿರ ಒಟ್ಟಿಗೆ ಕಟ್ಟಬೇಕಿತ್ತು. ಅವರ ಎರಡು ಲಕ್ಷ ಹೋಗಿ ಉಳಿದದ್ದು ಒಂದು ಲಕ್ಷ ಅರವತ್ತು ಸಾವಿರ. ಅದನ್ನು ನಾನು ಕೊಡುತ್ತೇನೆ ಎಂದೆ. ಭಾವ ಬೇಡವೇ ಬೇಡ ಎಂದು ಕೈಯಾಡಿಸಿದರು.

"ಯಾಕ್ರೀ ಬೇಡ?" ಅಕ್ಕ ಸಿಡಿದಳು. "ನನ್ನ ತಮ್ಮ ಅಂತ ನಾನೇ ಸುಮ್ನಿಲ್ಲ, ನಿಮಗ್ಯಾಕೆ ದಾಕ್ಷಿಣ್ಯ? ತಗೊಳ್ಳಿ. ಕೊಡ್ಲಿ, ಸ್ವಲ್ಪ ಬುದ್ಧಿ ಬರುತ್ತೆ."

"ಬಡ್ಡಿ ಎಷ್ಟು ಮೇಷ್ಟ್ರೇ?" ಎಂದರು ಭಾವ. ಮೂವರೂ ನಕ್ಕೆವು. ಅಷ್ಟು ಹೊತ್ತಿನಲ್ಲಿ ಅದೇ ಮೊದಲ ನಗು, ಬಹಳ ಹೊತ್ತು ಉಳಿಯಲಿಲ್ಲ.

ಮರುವಾರ ದುಡ್ಡು ಕಟ್ಟಲು ಹೋದಾಗ ಹುಡುಗಿ ಮತ್ತೆ ಅದೇ ಪ್ರಶ್ನೆ ಕೇಳಿದಳು: ಕಂತು ಕಡಿಮೆ ಮಾಡಬೇಕೇ, ಅವಧಿ ಕಡಿಮೆ ಮಾಡಬೇಕೇ? ನಾನು ಬಾಯಿ ತೆರೆಯುವ ಮೊದಲೇ ಭಾವ, "ಅವಧಿ" ಎಂದರು. ಆಮೇಲೆ ಅರ್ಜಿಯನ್ನು ನನ್ನ ಕಡೆ ತಳ್ಳಿ, "ಈ ಸಲ ಓದಿ" ಎಂದರು. ನಾಲ್ಕು ಪುಟ ಇತ್ತು, ಎರಡು ಸಲ ಓದಿದೆ. ಹಿಂದೆ ಸಾಲು ನಿಂತವರು ಬೈದುಕೊಂಡಿರಬೇಕು.

ಇದಾಗಿ ಮೂರು ವರ್ಷ ಐದು ತಿಂಗಳಾಯಿತು. ಡಾಕ್ಟರು ಹೇಳಿದ ಗಡುವನ್ನು ಬೆರಳು ಕಾಯಲಿಲ್ಲ, ಹೋದ ವರ್ಷವೇ ಹಿಡಿತ ಬಿಟ್ಟಿತು. ಈಗ ಭಾವ ಕಾರ್ಖಾನೆಯಲ್ಲಿ ಎಡಗೈಯಿಂದ ಗುರುತು ಮಾತ್ರ ಹಾಕುತ್ತಾರೆ, ಕತ್ತರಿ ಬೇರೆಯವರ ಕೈಯಲ್ಲಿದೆ. ಸಂಬಳ ಅರ್ಧ. ಕೂತು ಉಣ್ಣಲು ಇಟ್ಟ ದುಡ್ಡು ಬ್ಯಾಂಕಿಗೆ ಹೋಗಿ ಆಗಿದೆ. ಅಕ್ಕ ತಿಂಗಳಿಗೆ ನಾಲ್ಕಲ್ಲ, ನಲವತ್ತು ಅಂಗಿ ಹೆಚ್ಚಿಗೆ ಹೊಲಿಯುತ್ತಾಳೆ, ಅದೇ ಕಾಲರ್ ಮಾದರಿ ಇಟ್ಟು.

ಮೊನ್ನೆ ಕಂತಿನ ದಿನ ನಾನು ಅಲ್ಲೇ ಇದ್ದೆ. ಭಾವ ಬೀರು ತೆರೆದರು. ಹಸಿರು ಬಾಗಿಲಿನ ಕೆಳಮೂಲೆಯಲ್ಲಿ ಇಪ್ಪತ್ತು ಗೆರೆ ಉಳಿದಿದ್ದವು. ಅಭ್ಯಾಸಬಲದಿಂದ ಬಲಗೈ ಹೆಬ್ಬೆರಳನ್ನು ನೀರಿಗೆ ಅದ್ದಿ ಒತ್ತಿದರು. ಬೆರಳು ಬಾಗಲಿಲ್ಲ, ಗೆರೆ ಹೋಗಲಿಲ್ಲ. ನೀರು ಮಾತ್ರ ಬಾಗಿಲ ಮೇಲೆ ಇಳಿಯಿತು.

"ನೀವೇ ಅಳಿಸಿ ಮೇಷ್ಟ್ರೇ" ಎಂದರು.

ನಾನು ಅಳಿಸಿದೆ. ಉಳಿದದ್ದು ಹತ್ತೊಂಬತ್ತು. ಎರಡು ಸಲ ಎಣಿಸಿ ನೋಡಿದೆ.