ಖಮಧ್ಯದ ಬಿಸಿಲಿಗೆ ಕಾಲು ಚಾಚಿ

ಬೆಳಿಗ್ಗೆ ಐದೂವರೆಗೆ ಬಾಗಿಲಿಗೆ ನೀರು ಹಾಕಿ ರಂಗೋಲಿ ಬಿಟ್ಟೆ. ನಲ್ಲಿ ನಿಲ್ಲುವುದರೊಳಗೆ ಎರಡು ಡ್ರಮ್ಮು ತುಂಬಿಸಿದೆ. ಇಡ್ಲಿ ಬೇಯಿಸಿ, ಪಂಪುಸೆಟ್ ಕಾರ್ಖಾನೆಗೆ ಹೊರಟ ನಮ್ಮವರಿಗೆ ಡಬ್ಬಿ ಕಟ್ಟಿದೆ. ಒಂದು ಬಕೆಟ್ ಬಟ್ಟೆ ಒಗೆದೆ, ಒಂದನ್ನು ನಾಳೆಗೆ ಬಿಟ್ಟೆ. ಹತ್ತು ಗಂಟೆಗೆ ಎದುರುಮನೆಯ ಬೀಗ ತೆಗೆದು, ಮಗ್ಗದ ಮೇಲಿನ ಜೇಡರ ಬಲೆ ಗುಡಿಸಿದೆ. ಮಗ್ಗದ ಕೆಳಗೆ ಕಾಲಿಗೆಂದು ತೋಡಿದ ಗುಂಡಿಯೊಳಗೆ ಇಳಿದು ಒದ್ದೆ ಬಟ್ಟೆಯಲ್ಲಿ ಒರೆಸಿದೆ. ಕೋಲಿಗೆ ಬಟ್ಟೆ ಸುತ್ತಿ, ಸ್ಟೂಲ್ ಹತ್ತಿ, ಗಾಜಿನ ಹೆಂಚಿನ ಧೂಳು ತೆಗೆದೆ. ಇವತ್ತು ತಮಿಳು ತಿಂಗಳ ಲೆಕ್ಕದಲ್ಲಿ ಆವಣಿ ಎಂಟು. ಆ ಗಾಜು ಇವತ್ತು ಶುಭ್ರವಾಗಿರಲೇಬೇಕು.

ಈ ಮನೆಯಲ್ಲಿ ನೇಯುತ್ತಿದ್ದ ಅಜ್ಜಿಯ ಮುಖ ಹುರಿದ ಕಡಲೆಕಾಯಿ ಸಿಪ್ಪೆಯ ಬಣ್ಣ. ಪಾದಗಳು ಮಾತ್ರ ಸುಲಿದ ಬೆಳ್ಳುಳ್ಳಿಯ ಹಾಗೆ ಬೆಳ್ಳಗಿದ್ದವು. ಹನ್ನೊಂದನೆಯ ವಯಸ್ಸಿನಿಂದ ಹಗಲೆಲ್ಲ ಆ ಪಾದಗಳು ಮಗ್ಗದ ಗುಂಡಿಯ ಕತ್ತಲಲ್ಲಿ ಹಲಗೆ ತುಳಿಯುತ್ತ ಕಳೆದವು. ಹೆಬ್ಬೆರಳುಗಳು ಪಕ್ಕದ ಬೆರಳುಗಳಿಂದ ದೂರ ಸರಿದು ನಿಂತಿದ್ದವು, ಮಾತು ಬಿಟ್ಟ ಓರಗಿತ್ತಿಯರ ಹಾಗೆ. ಬೀದಿಯ ಕನ್ನಡದವರು ಅವರನ್ನು ಮಗ್ಗದತ್ತೆ ಎನ್ನುತ್ತಿದ್ದೆವು. ತಮಿಳಿನವರಿಗೆ ಅವರು ತರಿ ಪಾಟಿ. ತರಿ ಎಂದರೆ ಮಗ್ಗ, ಪಾಟಿ ಎಂದರೆ ಅಜ್ಜಿ. ಕೊಯಮತ್ತೂರಿನ ಹತ್ತಿರದ ಪೆರಿಯನಾಯಕನಪಾಳ್ಯದ ನಮ್ಮ ಬೀದಿಯ ಸುತ್ತ ಮಿಲ್ಲುಗಳು ಎದ್ದವು, ಕೆಲವು ಮುಚ್ಚಿದವು. ಇವರ ಗುಂಡಿಮಗ್ಗ ಮಾತ್ರ ಸದ್ದು ಮಾಡುತ್ತಲೇ ಇತ್ತು.

ಮಗ್ಗದ ಗುಂಡಿಯ ನೇರ ಮೇಲೆ, ಮಾಡಿನಲ್ಲಿ, ಒಂದು ಗಾಜಿನ ಹೆಂಚು. ಎಳೆ ಕಾಣಲಿ ಎಂದು ಅತ್ತೆಯ ಅಪ್ಪ ಇಡಿಸಿದ್ದು. ಅದರಿಂದ ಬಿದ್ದ ಬಿಸಿಲಿನ ತುಂಡು ಬೆಳಿಗ್ಗೆಯಿಂದ ನೆಲದ ಮೇಲೆ ತೆವಳುತ್ತ ಹೋಗುತ್ತದೆ. ವರ್ಷದ ಬಹುಪಾಲು ದಿನ ಅದು ಗುಂಡಿಯ ಉತ್ತರಕ್ಕೋ ದಕ್ಷಿಣಕ್ಕೋ ದಾಟಿಬಿಡುತ್ತದೆ. ಏಪ್ರಿಲಿನಲ್ಲಿ ಚಿತ್ತಿರೈ ಐದು, ಆಗಸ್ಟಿನಲ್ಲಿ ಆವಣಿ ಎಂಟು, ಈ ಎರಡೇ ದಿನ ಮಧ್ಯಾಹ್ನ ನೇರ ಗುಂಡಿಯ ನಡುವಿಗೆ ಇಳಿಯುತ್ತದೆ. ಅಪ್ಪ ಹೆಂಚಿನ ಚೌಕಟ್ಟಿನಿಂದ ಹಾಸಿನ ನೂಲೊಂದನ್ನು ಇಳಿಬಿಟ್ಟು, ತುದಿಗೆ ಹುಣಿಸೆಬೀಜದಷ್ಟು ಕಲ್ಲು ಕಟ್ಟಿದ್ದರು. ಬಿಸಿಲಿನ ತುಂಡಿನ ನಡುವೆ ಆ ಕಲ್ಲು ಬಂತೆಂದರೆ ಲಾಳಿ ನಿಲ್ಲಬೇಕು. ನೇಯುವವರು ಹಲಗೆಯಿಂದ ಪಾದ ತೆಗೆದು, ಬಿಸಿಲಿಗೆ ಚಾಚಿ, ಬೆಳಕು ಸರಿದುಹೋಗುವವರೆಗೆ ಸುಮ್ಮನೆ ಕೂರಬೇಕು. ಬೇರೆ ಯಾವ ನೇಯ್ಗೆಯವರ ಮನೆಯಲ್ಲೂ ನಾನು ಈ ಪದ್ಧತಿ ಕಂಡಿಲ್ಲ.

"ಇವತ್ತು ಖಮಧ್ಯ. ಕಾಲಿಗೆ ಹಬ್ಬ," ಎನ್ನುತ್ತಿದ್ದರು ಅತ್ತೆ.

ಖ ಎಂದರೆ ಆಕಾಶ. ಖಮಧ್ಯ, ಆಕಾಶದ ನಡು. ಅವರ ಅಪ್ಪ ಒಂದು ಹಳೆಯ ಕನ್ನಡ ಪಂಚಾಂಗದಲ್ಲಿ ಈ ಪದ ಕಂಡು ಮನೆಗೆ ತಂದುಕೊಂಡಿದ್ದರು. ಅದು ಸೂರ್ಯ ಇರುವ ಜಾಗವೆಂದು ನಾನು ಬಹಳ ದಿನ ತಿಳಿದಿದ್ದೆ. ಒಮ್ಮೆ ಹಾಗೆಂದಾಗ ಅತ್ತೆ ಲಾಳಿ ಕೆಳಗಿಟ್ಟು, ಮುದ್ದಿಗೆ ಎಲ್ಲರನ್ನೂ ಕರೆಯುವಂತೆ ಕಣ್ಣು ಎಂದು ಕರೆದರು.

"ಕಣ್ಣು, ಅದು ಸೂರ್ಯಂದು ಅಲ್ಲ, ನಿಂದು. ನೀ ನಿಂತಿರೋ ಜಾಗಕ್ಕೆ ನೆಟ್ಟಗೆ ಮೇಲೆ ಏನಿದ್ಯೋ ಅದು. ನೀ ನಾಲ್ಕಡಿ ಸರಿದ್ರೆ ಅದೂ ಸರೀತದೆ. ಮಿಲ್ ಓನರಿಗೂ ಒಂದೇ, ನಂಗೂ ಒಂದೇ. ಸೂರ್ಯ ವರ್ಷಕ್ಕೆ ಎರಡು ಸಲ ಬಂದು ನೋಡ್ಕೊಂಡು ಹೋಗ್ತಾನೆ, ಅಷ್ಟೇ."

ಆ ಪದವನ್ನು ಅವರು ಪೆಟ್ಟಿಗೆಯಲ್ಲಿಟ್ಟು ಪೂಜಿಸಲಿಲ್ಲ, ದಿನಾ ದುಡಿಸಿಕೊಂಡರು. ಖಮಧ್ಯ ಬರುವುದರೊಳಗೆ ಈ ಸೀರೆ ಇಳಿಯಬೇಕು. ಹೋದ ಖಮಧ್ಯದಲ್ಲಿ ಈ ಕೂಸಿಗೆ ಇನ್ನೂ ಹಲ್ಲು ಬಂದಿರಲಿಲ್ಲ ಎನ್ನುವರು. ಬೀದಿಯ ಕೊನೆಯ ಮನೆಗೆ ಮೈಸೂರು ಕಡೆಯಿಂದ ವರ್ಗವಾಗಿ ಬಂದ ಬ್ಯಾಂಕಿನವರೊಬ್ಬರು ಇದನ್ನು ಕೇಳಿ ನಕ್ಕರು. "ಅಮ್ಮಾ, ನಿಮ್ಮ ಕನ್ನಡದಲ್ಲಿ ಅರ್ಧ ತಮಿಳು, ಉಳಿದರ್ಧ ಪಂಚಾಂಗ. ಆ ಪದವನ್ನೆಲ್ಲ ಈಗ ಯಾರೂ ಬಳಸಲ್ಲ."

"ನಾನ್ ಬಳಸ್ತೀನಲ್ಲ," ಎಂದರು ಅತ್ತೆ. "ನಾನ್ ಯಾರೂ ಅಲ್ವಾ?"

ಅವರು ತಮಿಳು ಶಾಲೆಯಲ್ಲಿ ಐದನೆಯ ತರಗತಿಯವರೆಗೆ ಓದಿದವರು. ನಮ್ಮ ಬೀದಿಯ ಕನ್ನಡದವರು ಮನೆಯೊಳಗೆಲ್ಲ ಆಡುವುದು ಕನ್ನಡವೇ, ಆದರೆ ಕನ್ನಡದ ಅಕ್ಷರ ಬರುತ್ತಿದ್ದುದು, ಅಪ್ಪನಿಂದ ಕಲಿತ ಅವರೊಬ್ಬರಿಗೆ. ಮದುವೆಯಾಗಿ ಬಂದ ಹೊಸದರಲ್ಲಿ ನಾನು ಅವರಿಗೆ ಲಾಳಿಯ ಕದಿರಿಗೆ ನೂಲು ಸುತ್ತಿಕೊಡಲು ಹೋಗುತ್ತಿದ್ದೆ. ಸುತ್ತುವ ಹೊತ್ತಿಗೆ ಆ ಪಂಚಾಂಗವನ್ನು ತೊಡೆಯ ಮೇಲಿಟ್ಟು ಒಂದೊಂದೇ ಅಕ್ಷರ ಹೇಳಿಕೊಟ್ಟರು. ನಾನು ಮೊದಲು ಬರೆಯಲು ಕಲಿತ ಅಕ್ಷರ ಅ ಅಲ್ಲ, ಖ.

ನನ್ನ ಮಗಳು ಏಳನೆಯ ತರಗತಿಯಲ್ಲಿದ್ದಾಗ ವಿಜ್ಞಾನದ ಪರೀಕ್ಷೆಯಲ್ಲಿ ಒಂದು ಪ್ರಶ್ನೆ ಬಂತು: ನಮ್ಮ ಊರಿನಲ್ಲಿ ಸೂರ್ಯ ನೇರ ತಲೆಯ ಮೇಲೆ ಯಾವಾಗ ಇರುತ್ತಾನೆ? ಪ್ರತಿದಿನ ಮಧ್ಯಾಹ್ನ ಹನ್ನೆರಡಕ್ಕೆ ಎಂಬುದು ತರಗತಿಯಲ್ಲಿ ಬರೆಸಿದ್ದ ಉತ್ತರ. ಇವಳು ವರ್ಷಕ್ಕೆ ಎರಡೇ ದಿನ ಎಂದು ಬರೆದಳು. ಮಿಸ್ ಸೊನ್ನೆ ಕೊಟ್ಟರು. ಇವಳು ಎದ್ದು ವಾದಿಸಿದಳು. ಯಾರು ಹೇಳಿಕೊಟ್ಟರು ಎಂದು ಕೇಳಿದಾಗ ತರಿ ಪಾಟಿ ಎಂದಳು. ತರಗತಿಯೆಲ್ಲ ನಕ್ಕಿತು. ಸರಿಯುತ್ತರವನ್ನು ಐವತ್ತು ಸಲ ಬರೆದು ತರಬೇಕು, ತರುವವರೆಗೆ ವಿಜ್ಞಾನದ ಪೀರಿಯಡ್ಡಿನಲ್ಲಿ ನಿಂತೇ ಇರಬೇಕು ಎಂದಾಯಿತು.

"ಬರೆದುಬಿಡು, ಹೋಗಲಿ," ಎಂದೆ ನಾನು.

"ಸುಳ್ಳನ್ನ ಐವತ್ತು ಸಲ ಬರೀಬೇಕಾ ಅಮ್ಮಾ?"

ಅವಳು ಬರೆಯಲಿಲ್ಲ. ಮಗಳು ನಿಂತಿರುವುದನ್ನು ನೆನೆದರೆ ನನಗೆ ಅನ್ನ ಇಳಿಯುತ್ತಿರಲಿಲ್ಲ. ಒಂದು ಹೊಸ ನೋಟ್‌ಬುಕ್ ತಂದು, ಎದುರುಮನೆಯ ಜಗಲಿಯಲ್ಲಿ ಕೂತು, ಅವಳ ಕೈಬರಹದಂತೆಯೇ ನಾನೇ ತಮಿಳಿನಲ್ಲಿ ಬರೆಯತೊಡಗಿದೆ. ಹನ್ನೆರಡು ಸಾಲು ಆಗಿತ್ತು. ಅತ್ತೆ ಹೊರಗೆ ಬಂದು ನೋಡಿ, ಪುಸ್ತಕ ಕಿತ್ತುಕೊಂಡರು.

"ಹೆತ್ತವಳೇ ಬರೆದುಕೊಟ್ರೆ ಆ ಕೂಸು ಯಾರ ಮುಖ ನೋಡ್ಕೊಂಡು ನಿಂತ್ಕೊಳ್ಳಬೇಕು?"

"ಕಾಲು ನೋಯ್ತದಲ್ಲ ಅತ್ತೆ ಅವಳಿಗೆ."

"ನೋಯ್ಲಿ. ತಲೆ ತಗ್ಗಿಸಿ ಕೂತ್ರೆ ಕುತ್ತಿಗೆ ನೋಯ್ತದೆ. ಆವಣಿ ಎಂಟಕ್ಕೆ ಇನ್ನು ಒಂಬತ್ತೇ ದಿನ," ಎಂದವರೇ ಪುಸ್ತಕವನ್ನು ಗುಂಡಿಯೊಳಗಿನ ಗೂಡಿಗೆ ತುರುಕಿದರು.

ಒಂಬತ್ತು ದಿನವೂ ಮಗಳು ನಿಂತಳು. ಸಂಜೆ ಅತ್ತೆ ಅವಳ ಮೀನಖಂಡಕ್ಕೆ ಎಣ್ಣೆ ತಿಕ್ಕುವರು. ಇಬ್ಬರೂ ಬಿಸಿಲಿನ ತುಂಡು ಎಲ್ಲಿಗೆ ಬಂತೆಂದು ಸೀಮೆಸುಣ್ಣದಲ್ಲಿ ಗುರುತು ಹಾಕುವರು. ದಿನಕ್ಕೆ ಒಂದು ಹೆಬ್ಬೆರಳಿನ ಅಗಲದಷ್ಟು ಅದು ಗುಂಡಿಯ ಕಡೆಗೆ ಸರಿಯುತ್ತಿತ್ತು.

ಆವಣಿ ಎಂಟರ ಹಿಂದಿನ ದಿನ ಅತ್ತೆ ಒಗೆದ ಸೀರೆ ಉಟ್ಟು, ತಟ್ಟೆಯಲ್ಲಿ ಎಲೆ ಅಡಿಕೆ, ಕುಂಕುಮದ ಬಟ್ಟಲು ಇಟ್ಟುಕೊಂಡು ಶಾಲೆಗೇ ಹೋದರು. ಇಪ್ಪತ್ತು ವರ್ಷದ ಹಿಂದೆ ಗಂಡನನ್ನು ಕಳೆದುಕೊಂಡವರು. ನಮ್ಮಲ್ಲಿ ಅಂಥವರು ಕುಂಕುಮ ಹಿಡಿದು ಯಾರನ್ನೂ ಕರೆಯಲು ಹೋಗುವುದಿಲ್ಲ. ದಾರಿಯಲ್ಲಿ ಇಬ್ಬರು ಅದನ್ನು ಹೇಳಿಯೂ ಹೇಳಿದರು. ಇವರು ನಿಲ್ಲಲಿಲ್ಲ. ಮಿಸ್ ಮುಂದೆ ತಟ್ಟೆ ಚಾಚಿ, ತಮಿಳಿನಲ್ಲಿ, "ನಾಳೆ ನಮ್ಮನೇಲಿ ವಿಶೇಷ. ಮಧ್ಯಾಹ್ನ ಬರಲೇಬೇಕು," ಎಂದರು. ಕುಂಕುಮ ಕೊಟ್ಟು ಕರೆದವರಿಗೆ ಇಲ್ಲ ಎನ್ನುವುದು ಹೇಗೆ? ಮಿಸ್ ಒಪ್ಪಿದರು.

ಬಂದವರು ಇಪ್ಪತ್ತೈದೋ ಇಪ್ಪತ್ತಾರೋ ವಯಸ್ಸಿನ ಹುಡುಗಿ. ವಿಷಯ ತಿಳಿದಾಗ ಮುಖ ಬಿಗಿಯಾಯಿತು, ಆದರೂ ಅತ್ತೆ ಹಾಕಿದ ಮಣೆಯ ಮೇಲೆ ಕೂತರು. ಅತ್ತೆ ಗುಂಡಿಯಲ್ಲಿ ಕಾಲು ಇಳಿಬಿಟ್ಟು ಕೂತರು. ನಾನು ಗೋಡೆಗೆ ಒರಗಿದೆ. ಮಗಳು ನಿಂತಿದ್ದಳು.

"ಕೂತ್ಕೋ," ಎಂದು ಸನ್ನೆ ಮಾಡಿದೆ.

"ಮಿಸ್ ಇನ್ನೂ ಕೂರು ಅಂದಿಲ್ಲ," ಎಂದಳು, ಎಲ್ಲರಿಗೂ ಕೇಳುವಂತೆ.

ಹನ್ನೆರಡಾಯಿತು. ಬಿಸಿಲಿನ ತುಂಡು ಗುಂಡಿಯಿಂದ ಪಡುವಣಕ್ಕೆ, ಒಂದೂವರೆ ಗೇಣು ಆಚೆಗಿತ್ತು. ಮಿಸ್ ಗಡಿಯಾರ ತೋರಿಸಿದರು. "ಪಾಟಿ, ಹನ್ನೆರಡಾಯ್ತು. ಬೆಳಕು ಗುಂಡಿಗೆ ಬಂದೇ ಇಲ್ಲವಲ್ಲ."

"ಮಜ್ಜಿಗೆ ಕುಡಿ ಸಾಮಿ. ಸೂರ್ಯ ನಿನ್ನ ವಾಚಿನ ಹತ್ತಿರ ಕೆಲಸಕ್ಕಿಲ್ಲ."

ಹನ್ನೆರಡೂ ಹತ್ತರ ಹೊತ್ತಿಗೆ ಬೆಟ್ಟದ ಕಡೆಯಿಂದ ಮೋಡ ಬಂತು. ನೆಲದ ಮೇಲಿನ ತುಂಡು ಮಸುಕಾಗಿ ಮಾಯವಾಯಿತು. ಮನೆಯೆಲ್ಲ ಬೂದಿ ಬಣ್ಣ. ನಾನು ಮನಸ್ಸಿನಲ್ಲೇ ಊರಿನ ದೇವರುಗಳನ್ನೆಲ್ಲ ಕರೆದೆ. ಮಿಸ್ ಸೆರಗು ಸರಿಪಡಿಸಿಕೊಂಡು ಎದ್ದರು.

"ಇವತ್ತು ಆಗದಿದ್ರೆ ಚಿತ್ತಿರೈ ಐದಕ್ಕೆ ಬಾ," ಎಂದರು ಅತ್ತೆ, ದನಿ ಏರಿಸದೆ. "ಇನ್ನು ಎಂಟು ತಿಂಗಳು. ಅಲ್ಲೀತನಕ ಹುಡುಗಿ ನಿಂತಿರ್ತಾಳೆ. ಅಲ್ವಾ ಕಣ್ಣು?"

"ಹ್ಞೂಂ ಅಜ್ಜಿ."

ಮಿಸ್ ಮಗಳ ಮುಖ ನೋಡಿದರು. ಏನೆನ್ನಿಸಿತೋ, ಮತ್ತೆ ಮಣೆಯ ಮೇಲೆ ಕೂತರು. ಹೊರಗೆ ಮೇಟ್ಟುಪಾಳ್ಯಂ ರಸ್ತೆಯ ಬಸ್ಸಿನ ಹಾರನ್ನು, ಯಾರದೋ ಮನೆಯ ಕುಕ್ಕರಿನ ಸೀಟಿ. ಹನ್ನೆರಡೂ ಇಪ್ಪತ್ತೆರಡು ದಾಟಿತ್ತು, ಮೋಡ ಸರಿಯಿತು. ಬೆಳಕು ತೆವಳಿಕೊಂಡು ಬರಲಿಲ್ಲ. ಮೇಲಿನಿಂದ ಸುರಿದ ಹಾಗೆ ಒಮ್ಮೆಲೇ ಗುಂಡಿಯ ನಡುವೆ ಬಿತ್ತು. ಆ ಬೆಳಕಿನ ನಡುವೆ ನೂಲಿನ ತುದಿಯ ಕಲ್ಲು, ಅದರ ನೆರಳು ಅದರ ಬುಡಕ್ಕೇ. ಅತ್ತೆ ಹಲಗೆಯಿಂದ ಪಾದ ತೆಗೆದು ಚಾಚಿದರು. ಆ ಬಿಳಿಯ ಪಾದಗಳು ಹೊಳೆದವು.

ಮಿಸ್ ಬಗ್ಗಿ ತಮ್ಮ ಅಂಗೈಯನ್ನೂ ಆ ಬೆಳಕಿಗೆ ಹಿಡಿದರು. ಕೈ ಅತ್ತ ಇತ್ತ ತಿರುಗಿಸಿದರು. ಆಮೇಲೆ ತಲೆ ಎತ್ತದೆಯೇ ಮಗಳಿಗೆ ಹೇಳಿದರು: "ಉಟ್ಕಾರು ಮ್ಮಾ." ಕೂತುಕೊಳ್ಳಮ್ಮಾ.

ಮಗಳು ನೆಲಕ್ಕೆ ಕುಸಿದು ಕೂತು ಅತ್ತಳು. ಒಂಬತ್ತು ದಿನ ಅಳದವಳು.

"ಅವಳಿಗೆ ಮಾರ್ಕ್ ಹಾಕಿಬಿಡ್ತೀನಿ ಪಾಟಿ," ಎಂದರು ಮಿಸ್.

"ಮಾರ್ಕ್ ನೀನೇ ಇಟ್ಕೋ. ನಕ್ಕವರ ಎದುರಿಗೆ ಹೇಳು."

ಹೇಳಿದರು ಕೂಡ. ತಾನು ಬರೆಸಿದ್ದು ತಪ್ಪೆಂದು ಮರುದಿನ ತರಗತಿಯಲ್ಲಿ ಹೇಳಿದರಂತೆ. ಮುಂದಿನ ಎರಡು ವರ್ಷ ಮಕ್ಕಳ ಸಾಲು ಕಟ್ಟಿಕೊಂಡು ಈ ಮನೆಗೆ ಬಂದರು. ಆಮೇಲೆ ಅವರು ಮದುವೆಯಾಗಿ ಮಡತ್ತುಕುಳಂ ಕಡೆಗೆ ಹೋದರು.

ಅತ್ತೆ ಕಳೆದ ತೈಯಲ್ಲಿ, ಪೊಂಗಲ್ ತಿಂಗಳಲ್ಲಿ, ತೀರಿಕೊಂಡರು. ಬೆಳಿಗ್ಗೆ ಕಾಫಿ ಕುಡಿದು, ಒಂದು ಗೇಣು ನೇಯ್ದು, ಗೋಡೆಗೆ ಒರಗಿದವರು ಏಳಲಿಲ್ಲ. ಸ್ನಾನ ಮಾಡಿಸಿದ ಮೇಲೆ ನಾನು ಅರಿಶಿನ ತಂದು ಆ ಪಾದಗಳಿಗೆ ಹಚ್ಚಿದೆ. "ಗಂಡ ಇಲ್ಲದವಳಿಗೆ ಅರಿಶಿನವಾ?" ಎಂದು ಹಿಂದಿನಿಂದ ಯಾರೋ ಅಂದರು. ತಿರುಗಿ ನೋಡದೆ ಎರಡನೆಯ ಪಾದಕ್ಕೂ ಹಚ್ಚಿದೆ, ಬೆರಳ ಸಂದು ಬಿಡದೆ. ಐವತ್ತು ಸಲ ಬರೆದು ಸುಮ್ಮನಾಗಲು ಹೊರಟಿದ್ದ ಹೆಂಗಸು ನಾನು. ಹಾಗೆ ಹಚ್ಚುವ ಕೈಯನ್ನು ನನಗೆ ಕೊಟ್ಟವರು ಅವರು.

ಮನೆ ಈಗ ಅವರ ತಮ್ಮನ ಮಗನದು. ಮಾರುವವರೆಗೆ ಕೀಲಿ ನನ್ನ ಹತ್ತಿರ ಇರಲಿ ಎಂದಿದ್ದಾನೆ. ಮಾರಲಿ. ಗಾಜಿನ ಹೆಂಚು ಹೋದರೂ ಖಮಧ್ಯ ಎಲ್ಲಿಗೂ ಹೋಗುವುದಿಲ್ಲ. ನಮ್ಮ ಬಟ್ಟೆ ಒಗೆಯುವ ಕಲ್ಲಿನ ಪಕ್ಕ ಒಂದು ಕೋಲು ನೆಟ್ಟು, ಅದರ ನೆರಳು ಬುಡಕ್ಕೆ ಸೇರುವುದನ್ನು ಕಾದರೂ ಸಾಕು.

ಮಗಳು ಇವತ್ತು ಕೊಯಮತ್ತೂರಿನ ಕಾಲೇಜಿಗೆ ಹೋಗಲಿಲ್ಲ. ರಜೆಯ ಚೀಟಿಯಲ್ಲಿ ಕಾರಣ ಎಂಬ ಕಡೆ ಖಮಧ್ಯ ಎಂದು ಬರೆದು ಕಳಿಸಿದ್ದಾಳೆ. ಏನೆಂದು ಕೇಳಿದರೆ ಹೇಳುತ್ತಾಳಂತೆ. ಹನ್ನೆರಡೂ ಇಪ್ಪತ್ತನಾಲ್ಕಕ್ಕೆ ಬೆಳಕು ಗುಂಡಿಗೆ ಇಳಿಯಿತು. ಇಬ್ಬರೂ ಅಂಚಿನಲ್ಲಿ ಕೂತು ನಾಲ್ಕು ಪಾದ ಚಾಚಿದೆವು. ಗೂಡಿನಲ್ಲಿ ಆ ನೋಟ್‌ಬುಕ್ ಇತ್ತು, ಅಂಚನ್ನು ಗೆದ್ದಲು ತಿಂದಿದೆ. ನನ್ನ ಹನ್ನೆರಡು ಸಾಲುಗಳ ಮೇಲೆ ಅಡ್ಡಗೀಟು ಎಳೆದು, ಹದಿಮೂರನೆಯ ಸಾಲಿನಿಂದ ಇದನ್ನು ಕನ್ನಡದಲ್ಲಿ ಬರೆದೆ.

ರಾತ್ರಿ ಅಕ್ಕಿಬೇಳೆ ಅನ್ನ, ಮೇಲೆ ತುಪ್ಪ, ಸುಟ್ಟ ಹಪ್ಪಳ. ನಮ್ಮವರು ಎರಡನೆಯ ಸಲ ಹಾಕಿಸಿಕೊಂಡರು. ಮಗಳು ಊಟವಾದ ಕೂಡಲೇ ಚಾಪೆ ಹಾಸಿ, ಹೊದಿಕೆಯ ಹೊರಗೆ ಪಾದ ಬಿಟ್ಟುಕೊಂಡು, ಎಲ್ಲರಿಗಿಂತ ಮೊದಲು ಮಲಗಿದಳು.