ಅರಮನೆಯ ಹಿಂದಿನ ಪಿಸುಮಾತು

ಸಿನಿಮಾ ಮಾಡಬೇಕೆಂಬ ಹುಚ್ಚು ನನಗೆ ಹಿಡಿದು ಬಹಳ ಕಾಲವಾಯಿತು. ಆದರೆ ಇಲ್ಲಿಯವರೆಗೆ ನನ್ನ ಮೊಬೈಲಿನಲ್ಲಿ ನಟಿಸಿದ್ದು ಕ್ಯಾಸಂಬಳ್ಳಿಯ ನಮ್ಮ ಕೊಟ್ಟಿಗೆಯ ಹಸುಗಳು ಮಾತ್ರ. ಹಾಗಾಗಿ ಚಿನ್ನದ ಗಣಿಯ ಊರು ಕೋರಮಂಡಲ್‌ನ ಶಾಲೆಯಲ್ಲಿ ಮಗಳು ನಾಟಕಕ್ಕೆ ಸೇರಿದಾಗ, ನನ್ನ ಮೊದಲ ಚಿತ್ರಕ್ಕೆ ನಾಯಕಿ ಸಿಕ್ಕಳೆಂದೇ ಹಿಗ್ಗಿದೆ. ಪಾತ್ರ ಯಾವುದೆಂದು ಎಷ್ಟು ಕೇಳಿದರೂ ಅವಳು ಬಾಯಿ ಬಿಡಲಿಲ್ಲ.

"ಬಂದು ನೋಡಮ್ಮ. ನಾನಿಲ್ದೆ ನಾಟ್ಕಾನೇ ನಡೆಯಾಕಿಲ್ಲ" ಅಂದಳು.

ಚಿನ್ನದಾಸೆಗೆ ತನ್ನ ಅರಮನೆಯ ಅಡಿಯನ್ನೇ ಅಗೆಸುವ ರಾಜನ ಕಥೆ. ನಾಟಕದ ದಿನ ಮುಂದಿನ ಸಾಲಿನಲ್ಲಿ ಖಾಲಿ ಹಾಲಿನ ಕ್ಯಾನು ಬೋರಲು ಹಾಕಿ, ಅದರ ಮೇಲೆ ಮೊಬೈಲ್ ನಿಲ್ಲಿಸಿದೆ. ವೇದಿಕೆಯ ಪರದೆ ಅರ್ಧಕ್ಕೇ ಸಿಕ್ಕಿಕೊಂಡಿತು. ಖಡ್ಗವನ್ನು ಆಟೋದಲ್ಲಿ ಮರೆತ ರಾಜ ಪೊರಕೆ ಹಿಡಿದು ಬಂದ. ರಾಣಿ ಇವಳೇ ಇರಬೇಕೆಂದು ಝೂಮ್ ಮಾಡಿದೆ, ಅಲ್ಲ. ಮೀಸೆ ಅಂಟಿಸಿಕೊಂಡ ಮಂತ್ರಿ? ಅದೂ ಅಲ್ಲ. ಸೈನಿಕರ ಮುಖಗಳನ್ನೆಲ್ಲ ತಡಕಿದ್ದಾಯಿತು. ಎಲ್ಲಿ ಹೋದಳು ಇವಳು?

ಇದರ ಮಧ್ಯೆ ಎಲ್ಲಿಂದಲೋ ಒಂದು ಪಿಸುಮಾತು. ನಾಟಕವೇನೋ ಕನ್ನಡದ್ದೇ. ಆದರೆ ರಾಜ ಮಾತು ಮರೆತಾಗ ಆ ಧ್ವನಿ ಅವನ ಮನೆಮಾತು ತಮಿಳಿನಲ್ಲಿ ನೆನಪಿಸುತ್ತಿತ್ತು, ರಾಣಿ ತಡವರಿಸಿದರೆ ಅವಳ ತೆಲುಗಿನಲ್ಲಿ. ಗಾಬರಿಯಲ್ಲಿ ರಾಜ ತಮಿಳಿನಲ್ಲೇ ಗುಡುಗಿಬಿಟ್ಟ. ಭರ್ಜರಿ ಚಪ್ಪಾಳೆ ಬಿತ್ತು. ನನ್ನ ಆಡಿಯೋ ಹಾಳಾಗುತ್ತಿದೆಯೆಂದು ಸಿಟ್ಟು ಬಂದರೂ, ಯಾರಿದು ಎಂಬ ಕುತೂಹಲವೇ ಹೆಚ್ಚಾಯಿತು. ಮೊಬೈಲ್ ಕೈಗೆತ್ತಿಕೊಂಡು, ಬಗ್ಗಿಕೊಂಡೇ ವೇದಿಕೆಯ ಪಕ್ಕಕ್ಕೆ ಹೋದೆ.

ಅಷ್ಟರಲ್ಲಿ, ಕೊನೆಗೆ ಬೀಳಬೇಕಿದ್ದ ರಟ್ಟಿನ ಅರಮನೆ ಮೊದಲೇ ದಬಾರನೆ ಬಿತ್ತು. ಜನ ಬಿದ್ದು ಬಿದ್ದು ನಕ್ಕರು. ಅರಮನೆಯ ಹಿಂದೆ ಚಕ್ಕಳಮಕ್ಕಳ ಹಾಕಿ ಕೂತಿದ್ದಳು ನನ್ನ ಮಗಳು. ಬಣ್ಣವಿಲ್ಲ, ಕಿರೀಟವಿಲ್ಲ, ಮಾಮೂಲಿ ಯೂನಿಫಾರ್ಮು. ಕೈಯಲ್ಲಿ ಎಲ್ಲರ ಮಾತೂ ಬರೆದಿದ್ದ ಹಾಳೆಗಳು. ನಾನು ಕ್ಯಾಮೆರಾ ಅವಳತ್ತ ತಿರುಗಿಸುತ್ತಲೇ ಆ ಹಾಳೆಗಳನ್ನು ಮುಖಕ್ಕೆ ಅಡ್ಡ ಹಿಡಿದಳು.

"ನನ್ಯಾಕಮ್ಮ ತೆಗೀತೀಯ? ಅತ್ಲಾಗ್ ತಿರುಗ್ಸು! ರಾಜ ಈಗ ಸಾಯ್ತಾನೆ!"

ಆ ಅಪ್ಪಣೆಗೆ ಎದುರಾಡಲು ನನಗೆ ಧೈರ್ಯ ಬರಲಿಲ್ಲ. ತಿರುಗಿಸಿದೆ. ರಾಜ ಪೊರಕೆಗೆ ಒರಗಿ ಚೆನ್ನಾಗಿಯೇ ಸತ್ತ.

ಸಂಜೆ ಅತ್ತೆ ಮೊಬೈಲನ್ನು ಕಣ್ಣಿನ ಹತ್ತಿರ ಹಿಡಿದು, ಮಗಳನ್ನು ಪಕ್ಕದಲ್ಲೇ ಕೂರಿಸಿಕೊಂಡು ಪೂರ್ತಿ ನೋಡಿದರು. "ಎಲ್ಲಾ ಮುಗ್ದೋಯ್ತಲ್ಲೇ. ನಮ್ ಕೂಸಿನ ಮುಖ ಒಂದ್ ಕಿತಾನೂ ಕಾಣ್ಲಿಲ್ವಲ್ಲ?"

ಮಗಳ ತಲೆ ತಗ್ಗಿತು. ಅಷ್ಟು ದೊಡ್ಡ ಗಲಾಟೆಯಲ್ಲೂ ಅಳುಕದವಳು ಈಗ ಲಂಗದ ಅಂಚು ಹಿಂಡುತ್ತ ಕೂತಳು. ನಾನು ಮೊಬೈಲ್ ಇಸಿದುಕೊಂಡು, ಧ್ವನಿ ಪೂರಾ ಏರಿಸಿ, ಮೊದಲಿನಿಂದ ಹಾಕಿ ಅತ್ತೆಯ ಕಿವಿಗೆ ಹಿಡಿದೆ.

"ಕಣ್ಣು ಮುಚ್ಕಳಿ ಅತ್ತೆ" ಅಂದೆ. "ಈಗ ಕೇಳಿ."